ನೆಟ್ಟಾ ಗೆಡ್ಡೀಸ್ ರಿಪೇರಿ ಬೆಂಚಿಗೆ ಕೂತದ್ದು

ಡಂಡೀ ಊರಿನ ಗಂಡಸರಿಗೆ ಒಂದು ಅಡ್ಡಹೆಸರಿದೆ, ಕೆಟಲ್ ಕಾಯಿಸುವವರು ಎಂದು. ಸೆಣಬಿನ ಗಿರಣಿಗಳ ಕಾಲದಲ್ಲಿ ಅಂಟಿದ್ದು, ಇನ್ನೂ ಬಿಟ್ಟಿಲ್ಲ. ಗಿರಣಿಯವರಿಗೆ ಹೆಂಗಸರು ಅಗ್ಗಕ್ಕೆ ಸಿಗುತ್ತಿದ್ದರು. ಹುಡುಗರಿಗೆ ಹದಿನೆಂಟು ತುಂಬಿ ದೊಡ್ಡವರ ಕೂಲಿ ಕೇಳುವ ಹೊತ್ತು ಬಂತೆಂದರೆ ಗೇಟಿನಿಂದ ಹೊರಗೆ. ಹಾಗಾಗಿ ಹೆಂಡತಿ ದುಡಿಯಲು ಹೋಗುವುದು, ಗಂಡ ಮನೆಯಲ್ಲಿ ಚಹಾಕ್ಕೆ ನೀರಿಡುವುದು ನಮ್ಮಲ್ಲಿ ಮಾಮೂಲಾಗಿಬಿಟ್ಟಿತು. ಬೇರೆ ಊರಿನವರು ಇದನ್ನು ಹೇಳಿಕೊಂಡು ನಗುತ್ತಾರೆ. ನಗಲಿ ಬಿಡಿ. ಡಾಡ್ ಗೆಡ್ಡೀಸ್ ಮಾಡುವಂಥ ಚಹಾ ಅವರು ಕನಸಲ್ಲೂ ಕುಡಿದಿರಲಿಕ್ಕಿಲ್ಲ.

ಈ ಡಾಡ್‌ನ ಹೆಂಡತಿಯೇ ನೆಟ್ಟಾ. ಹದಿನೈದಕ್ಕೆ ಸೆಣಬಿನ ಗಿರಣಿ ಸೇರಿದಳು. ಗಿರಣಿ ಮುಚ್ಚಿದ ಮೇಲೆ ಗಡಿಯಾರದ ಮುಳ್ಳು ಕೂರಿಸುವ ಕೆಲಸ. ಗಡಿಯಾರಕ್ಕೂ ಗಿರಾಕಿ ಕಡಿಮೆಯಾದಾಗ, ಹಳೇ ಗಿರಣಿ ಕಟ್ಟಡವೊಂದಕ್ಕೆ ಸುಣ್ಣ ಬಳಿದು ಶುರುವಾದ ಕಿನ್‌ಮಂಡ್ ವರ್ಕ್ಸ್ ಎಂಬ ಕಾರ್ಖಾನೆಯಲ್ಲಿ ಪುಟ್ಟ ಕಂಪ್ಯೂಟರುಗಳನ್ನು ಜೋಡಿಸುವ ಕೆಲಸಕ್ಕೆ ಸೇರಿದಳು. ರಬ್ಬರಿನ ಕೀಲಿಗಳು, ತಿಂಡಿಯ ಡಬ್ಬಿಯಷ್ಟು ಗಾತ್ರ, ಮನೆಯ ಟೀವಿಗೇ ಸಿಕ್ಕಿಸಬೇಕು. ಶಾಲೆಗಳಿಗೂ ಮನೆಗಳಿಗೂ ಸಾವಿರಗಟ್ಟಲೆ ಹೋಗುತ್ತಿದ್ದವು. ನೆಟ್ಟಾ ದಿನಕ್ಕೆ ಇನ್ನೂರಕ್ಕೆ ಕೈಯಾಡಿಸುತ್ತಿದ್ದಳು. ಅದು ಏನು ಮಾಡುತ್ತದೆ ಎಂದು ಅವಳಿಗೆ ಯಾರೂ ಹೇಳಿರಲಿಲ್ಲ, ಹೇಳಬೇಕೆಂದು ಯಾರಿಗೂ ಅನ್ನಿಸಿಯೂ ಇರಲಿಲ್ಲ.

ಯಾರೂ ಹೇಳದಿದ್ದರೆ ನೆಟ್ಟಾ ತಾನೇ ತಿಳಿದುಕೊಳ್ಳುವ ಜಾತಿ. ಮೂಲೆ ಒಡೆದ ಒಂದು ಕಂಪ್ಯೂಟರನ್ನು ಕೆಲಸಗಾರರ ರಿಯಾಯಿತಿಯಲ್ಲಿ ಕೊಂಡು ತಂದಳು. ಜೊತೆಗೆ ಬಂದ ಪುಸ್ತಕವನ್ನು ಚಹಾ ವಿರಾಮದಲ್ಲಿ ಹುರಿಗಡಲೆ ತಿಂದಂತೆ ಓದಿದಳು. ಮೊದಲ ವಾರ ಟೀವಿಯ ತುಂಬ ‘ಡಾಡ್ ಗೊರಕೆ ಹೊಡೆಯುತ್ತಾನೆ’ ಎಂದು ಸಾಲುಸಾಲಾಗಿ ಮೂಡುವಂತೆ ಮಾಡಿದಳು. ಎರಡನೆಯ ವಾರ ಡಾಡ್‌ನ ಶನಿವಾರದ ಫುಟ್‌ಬಾಲ್ ತಪ್ಪಿತು. ಒಂದು ವರ್ಷ ಕಳೆಯುವಷ್ಟರಲ್ಲಿ ಆ ಮನೆಯ ಟೀವಿ ಯಾರದು ಎಂಬ ಪ್ರಶ್ನೆಯೇ ಉಳಿಯಲಿಲ್ಲ.

“ಟೀವಿ ಹೋಯ್ತು, ಹೆಂಡ್ತೀನೂ ಹೋದ್ಲು. ಕೆಟಲ್ಲಾದ್ರೂ ಬಿಟ್ಟಿರು ಮಾರಾಯ್ತಿ,” ಎಂದು ಡಾಡ್ ಗೊಣಗುತ್ತಿದ್ದ.

ಗೊಣಗಿದರೂ ಬಿಸ್ಕತ್ತು ತಂದಿಡುತ್ತಿದ್ದ. ಒಳ್ಳೆಯ ಮನುಷ್ಯ. ಒಂದೇ ಒಂದು ಚಾಳಿ ಇತ್ತು ಅವನಿಗೆ. ಮನೆ ಬಿಟ್ಟು ಎಲ್ಲಿಗೇ ಹೊರಡಲಿ, ಟೋಪಿ ಹಾಕಿಕೊಂಡ ಮೇಲೆ ಒಂದು ಸುತ್ತು ಹೋಗಿ ಗೋಡೆಯ ಪ್ಲಗ್ಗುಗಳನ್ನೆಲ್ಲ ಕಿತ್ತುಹಾಕುತ್ತಿದ್ದ. ಟೀವಿ, ರೇಡಿಯೋ, ಟೋಸ್ಟರು, ಹಾಸಿಗೆಯ ಪಕ್ಕದ ದೀಪ, ಒಂದನ್ನೂ ಬಿಡುತ್ತಿರಲಿಲ್ಲ. ಸ್ವಿಚ್ ಆರಿಸಿದರೆ ಸಾಲದು, ಕೀಳಲೇಬೇಕು. ಮದುವೆಯಾದ ಮೂವತ್ತು ವರ್ಷದಲ್ಲಿ ನೆಟ್ಟಾ ಮೆಟ್ಟಿಲ ಮೇಲೆ ನಿಂತು ಅವನಿಗಾಗಿ ಕಾದದ್ದನ್ನೆಲ್ಲ ಕೂಡಿಸಿದರೆ ಒಂದು ಬೇಸಿಗೆ ರಜೆಯಷ್ಟಾದರೂ ಆದೀತು.

ಸಾವಿರದ ಒಂಬೈನೂರ ಎಂಬತ್ತಮೂರರ ಶರತ್ಕಾಲದ ಹೊತ್ತಿಗೆ ನೆಟ್ಟಾಳಿಗೆ ಐವತ್ತೊಂದು ವರ್ಷ. ಬೆರಳಿನ ಗೆಣ್ಣುಗಳು ಊದಿಕೊಳ್ಳತೊಡಗಿದ್ದವು. ಜೋಡಣೆಯ ಸಾಲು ಯಾರ ಗೆಣ್ಣಿಗೂ ಕಾಯುವುದಿಲ್ಲ. ಪಕ್ಕದಲ್ಲಿ ಕೂರುವ ಎಫೀ ಅವಳ ಪಾಲಿನ ಎರಡೋ ಮೂರೋ ಸ್ಕ್ರೂಗಳನ್ನು ಮೇಲ್ವಿಚಾರಕನ ಕಣ್ಣು ತಪ್ಪಿಸಿ ತಾನೇ ಬಿಗಿದು ಮುಂದೆ ತಳ್ಳುತ್ತಿದ್ದಳು.

“ಕ್ರಿಸ್‌ಮಸ್‌ವರೆಗೂ ಹೀಗೇ ಸಾಗಿಸ್ಬೋದು ಕಣೇ, ಆಮೇಲೆ?” ಎಂದಳು ಎಫೀ ಒಂದು ದಿನ.

ಆಮೇಲೆ ಏನು ಎಂದು ನೆಟ್ಟಾಳಿಗೂ ಗೊತ್ತಿತ್ತು. ನಿಧಾನವಾದ ಕೈಗೆ ಮನೆ ದಾರಿ. ಆ ಮನೆ ನಡೆಯುತ್ತಿದ್ದುದೇ ಅವಳ ಕೈಯಿಂದ.

ಕಾರ್ಖಾನೆಯ ಆ ತುದಿಯಲ್ಲಿ, ಕಿಟಕಿಯ ಬೆಳಕಿನಲ್ಲಿ, ರಿಪೇರಿ ಬೆಂಚಿತ್ತು. ಗಿರಾಕಿಗಳಿಂದ ವಾಪಸು ಬಂದ ಯಂತ್ರಗಳನ್ನು ಅಲ್ಲಿ ನೋಡುತ್ತಿದ್ದರು. ಅಲ್ಲಿ ಅವಸರವಿಲ್ಲ, ತಲೆ ಓಡಬೇಕು ಅಷ್ಟೆ. ಐದು ಕುರ್ಚಿ, ಐದರಲ್ಲೂ ಸರ್ಟಿಫಿಕೇಟು ಹಿಡಿದ ಗಂಡಸರು. ಅಕ್ಟೋಬರಿನಲ್ಲಿ ಒಂದು ಕುರ್ಚಿ ಖಾಲಿಯಾಯಿತು. ನೆಟ್ಟಾ ಏಪ್ರನ್ ಬಿಚ್ಚಿ, ಕೂದಲು ಸರಿಮಾಡಿಕೊಂಡು, ಬೆಂಚಿನ ಮುಖ್ಯಸ್ಥ ಲೊರಿಮರ್ ಸಾಹೇಬರ ಮುಂದೆ ಹೋಗಿ ನಿಂತಳು.

“ಆ ಜಾಗ ನನಗೆ ಕೊಡಿ.”

ಲೊರಿಮರ್ ಕನ್ನಡಕದ ಮೇಲಿಂದ ನೋಡಿದರು. “ಮಿಸೆಸ್ ಗೆಡ್ಡೀಸ್, ಅದು ಸ್ಕ್ರೂ ಬಿಗಿಯೋ ಕೆಲಸ ಅಲ್ಲಮ್ಮ.”

“ಗೊತ್ತು. ನಿಮ್ಮ ಬೆಂಚಲ್ಲಿ ಸರಿ ಇದೆ ಅಂತ ಕಳಿಸಿದ ಪೆಟ್ಟಿಗೆ ಮೂರು ವಾರಕ್ಕೆ ಮತ್ತೆ ವಾಪಸ್ ಬರುತ್ತಲ್ಲ, ಅದ್ಯಾಕೆ ಅಂತಾನೂ ಗೊತ್ತು.”

“ಯಾಕಂತೆ?”

“ನೀವು ಪರೀಕ್ಷೆ ಮಾಡೋದು ತಣ್ಣಗಿದ್ದಾಗ. ಅದು ಕೆಡೋದು ಬಿಸಿಯಾದ್ಮೇಲೆ.”

ಬೆಂಚಿನ ಇಬ್ಬರು ನಕ್ಕರು. ಲೊರಿಮರ್ ನಗಲಿಲ್ಲ. ಒರಟ, ಆದರೆ ಮೂರ್ಖನಲ್ಲ. “ಸೋಮವಾರ ಮಧ್ಯಾಹ್ನ ಹೊರಗಡೆಯವರೊಬ್ಬರನ್ನ ಮಾತಾಡೋಕೆ ಕರ್ಸಿದೀನಿ,” ಎಂದರು. “ಅಷ್ಟರೊಳಗೆ ಬಾಯಲ್ಲಿ ಹೇಳಿದ್ದನ್ನ ಮಾಡಿ ತೋರ್ಸಿ. ಆಗ ನೋಡೋಣ.”

ಅಂದು ಗುರುವಾರ.

ನೆಟ್ಟಾಳ ತಲೆಯಲ್ಲಿದ್ದುದು ಸರಳ ವಿಷಯ. ಯಂತ್ರದ ನೆನಪೆಂದರೆ ಚಿಪ್ಪು ಎಂಬ ಎಂಟು ಪುಟ್ಟ ಕಪ್ಪು ಬಿಲ್ಲೆಗಳಲ್ಲಿ ಹಂಚಿಹೋದ ಸಾವಿರಾರು ಪುಟ್ಟ ಗೂಡುಗಳು. ಒಂದೊಂದು ಗೂಡಿನಲ್ಲೂ ಒಂದು ಅಂಕೆ ಇಡಬೇಕು, ಇಟ್ಟದ್ದನ್ನು ತಿರುಗಿ ಕೇಳಬೇಕು. ಕೊಟ್ಟದ್ದೇ ಬಂದರೆ ಸರಿ. ಬಿಸಿಯೇರುವ ತನಕ ಇದನ್ನೇ ಬಿಡದೆ ಮಾಡಿಸುತ್ತಿದ್ದರೆ, ಯಾವ ಚಿಪ್ಪು ಸುಳ್ಳು ಹೇಳಿತೋ ಅದು ಸಿಕ್ಕಿಬೀಳುತ್ತದೆ. ಇದನ್ನು ಕಂಪ್ಯೂಟರಿಗೇ ಹೇಳಿಕೊಟ್ಟು ಅದರ ಕೈಯಲ್ಲೇ ಮಾಡಿಸುವುದು ಅವಳ ಯೋಜನೆ. ಗುರುವಾರ, ಶುಕ್ರವಾರ ಸಂಜೆ, ಶನಿವಾರ ಇಡೀ ದಿನ ಕೂತು ಬರೆದಳು. ಅರ್ಧ, ಗೋಡೆಗೆ ಅಂಟಿಸಿ ಉಳಿದ ಬಣ್ಣದ ಕಾಗದದ ಬೆನ್ನಿನ ಮೇಲೆ ಪೆನ್ಸಿಲಿನಲ್ಲಿತ್ತು, ಇನ್ನರ್ಧ ನೇರವಾಗಿ ತಲೆಯಿಂದ ಕೀಲಿಗೆ ಇಳಿಯಿತು.

ಶನಿವಾರ ಸಂಜೆ ಕ್ಯಾಸೆಟ್ಟಿಗೆ ತುಂಬಿಸಲು ಹೋದಳು. ವಿದ್ಯುತ್ತು ಹೋದರೆ ಈ ಯಂತ್ರಗಳು ಎಲ್ಲವನ್ನೂ ಮರೆಯುತ್ತವೆ. ಬರೆದದ್ದು ಉಳಿಯಬೇಕಾದರೆ ಹಾಡು ತುಂಬಿಸುವ ಕ್ಯಾಸೆಟ್ಟಿಗೇ ತುಂಬಿಸಬೇಕು. ಟೇಪ್ ರೆಕಾರ್ಡರ್ ಗರಗರ ಎಂದಿತು. ಮನೆಯಲ್ಲಿದ್ದ ಒಂದೇ ಖಾಲಿ ಕ್ಯಾಸೆಟ್ಟಿನ ಟೇಪನ್ನು ಸುತ್ತಿಸುತ್ತಿ ನುಂಗಿಹಾಕಿತು. ಅಂಗಡಿಗಳೆಲ್ಲ ಮುಚ್ಚಿದ್ದವು. ಮಾರನೆಯ ದಿನ ಭಾನುವಾರ, ನಮ್ಮೂರಲ್ಲಿ ಭಾನುವಾರ ಕೊಳ್ಳಬಹುದಾದದ್ದು ಪತ್ರಿಕೆ ಮತ್ತು ಹಾಲು, ಅಷ್ಟೆ. ಒಂದೇ ಮೆಟ್ಟಿಲು ಹಂಚಿಕೊಂಡ ಆರು ಮನೆಗಳ ಬಾಗಿಲು ತಟ್ಟಿದಳು, ಎಲ್ಲೂ ಸಿಗಲಿಲ್ಲ.

“ಸೋಮವಾರ ಬೆಳಿಗ್ಗೆ ಎಫೀ ತರ್ತಾಳೆ,” ಎಂದಳು ನೆಟ್ಟಾ. “ಅವಳ ಮನೆ ದಾರಿಯಲ್ಲೇ ಇದೆ, ಆರೂವರೆಗೆ ಬರೋಕ್ಹೇಳ್ತೀನಿ. ಅಲ್ಲೀವರೆಗೂ ಇದು ಆನ್ ಆಗೇ ಇರ್ಲಿ. ಡಾಡ್, ಕೇಳಿಸ್ತಾ? ಈ ಪ್ಲಗ್ ಮುಟ್ಬೇಡ.”

“ನಾನೇನ್ ಮಗೂನಾ?” ಎಂದ ಡಾಡ್.

ಭಾನುವಾರ ಹನ್ನೊಂದಕ್ಕೆ ಚರ್ಚು. ನೆಟ್ಟಾ ಮೆಟ್ಟಿಲಿಳಿದು ಕೆಳಗೆ ಕಾದಳು. ಡಾಡ್ ಟೋಪಿ ಹಾಕಿಕೊಂಡು, ಬೀಗ ಹಾಕಿಕೊಂಡು, ಎಂದಿನಂತೆ ಸ್ವಲ್ಪ ತಡವಾಗಿ ಇಳಿದುಬಂದ. ಪಾದ್ರಿಗಳು ತಾಳ್ಮೆಯ ಬಗ್ಗೆ ಹೇಳಿದರು. ವಾಪಸು ಬಂದು ಬಾಗಿಲು ತೆರೆದರೆ ಟೀವಿಯ ಮುಖ ಕಪ್ಪಗಿತ್ತು. ಟೀವಿಗೂ ಕಂಪ್ಯೂಟರಿಗೂ ಒಟ್ಟಿಗೆ ಇದ್ದ ಮೂರು ಕವಲಿನ ಪ್ಲಗ್ಗು ನೆಲದ ಮೇಲೆ ಅಂಗಾತ ಬಿದ್ದಿತ್ತು.

ಡಾಡ್ ಟೋಪಿ ತೆಗೆಯಲೂ ಮರೆತು ನಿಂತುಬಿಟ್ಟ. “ನಾನು ಕಿತ್ತಿದ್ದು ನಂಗೆ ನೆನಪೇ ಇಲ್ಲ ನೆಟ್ಟಾ. ದೇವರಾಣೆಗೂ ಇಲ್ಲ. ಕೈ ತಾನಾಗೇ ಹೋಗಿದೆ.”

ನೆಟ್ಟಾ ಬೈಯಲಿಲ್ಲ. ಬೈದಿದ್ದರೆ ಅವನಿಗೆ ಎಷ್ಟೋ ಹಗುರವಾಗುತ್ತಿತ್ತು. ಕೋಟನ್ನೂ ಬಿಚ್ಚದೆ ಕುರ್ಚಿಯಲ್ಲಿ ಕೂತು ತನ್ನ ಬೆರಳುಗಳನ್ನೇ ನೋಡಿಕೊಂಡಳು. ಮೂರು ದಿನದ ಕೀಲಿಗೆ ಊದಿಕೊಂಡು ಉಂಗುರ ಚರ್ಮದೊಳಗೆ ಹೂತುಹೋಗಿತ್ತು.

“ಇನ್ನೊಂದ್ಸಲ ಒತ್ತೋಕೆ ಈ ಕೈಲಾಗಲ್ಲ,” ಎಂದಳು.

“ಈ ಕೈಲಾಗುತ್ತೆ,” ಎಂದು ಡಾಡ್ ತನ್ನ ಕೈ ಚಾಚಿದ. “ನೀನು ಹೇಳು, ನಾನು ಒತ್ತುತ್ತೀನಿ.”

ಒಂದು ಕಾಲಕ್ಕೆ ಹಡಗುಕಟ್ಟೆಯಲ್ಲಿ ಮೂಟೆ ಎಳೆದ ಹೆಬ್ಬೆರಳು ಅದು. ಒಂದು ಒತ್ತಿದರೆ ಮೂರು ಕೀಲಿ ಒಟ್ಟಿಗೆ ಮುಳುಗುತ್ತಿದ್ದವು. ಕೊನೆಗೆ ಒಂದು ಪೆನ್ಸಿಲನ್ನು ತಿರುಗಿಸಿ ಹಿಡಿದುಕೊಂಡು ಅದರ ರಬ್ಬರಿನ ತುದಿಯಿಂದ ಒತ್ತತೊಡಗಿದ. ಪ್ಲಗ್ಗಿನ ಮೇಲೆ ಮೊದಲೇ ಗಾಯದ ಪಟ್ಟಿಗಳನ್ನು ಅಡ್ಡಡ್ಡ ಅಂಟಿಸಿ ಗೋಡೆಗೆ ಭದ್ರಮಾಡಿದ್ದ. ಅಂದು ಮಧ್ಯಾಹ್ನದ ಊಟಕ್ಕೆಂದು ಬೇಯಲಿಟ್ಟಿದ್ದ ಕೀಮಾ ತಳ ಹತ್ತಿತು.

“ಅಲ್ಪವಿರಾಮ.”

“ಹಾಕ್ದೆ.”

“ಎಲ್ಲಿ ಹಾಕ್ದೆ? ಕಾಣಿಸ್ತಿಲ್ಲ.”

“ಮನಸ್ಸಲ್ಲಿ ಹಾಕ್ದೆ ಕಣೇ. ತಡಿ, ಈಗ ಹಾಕ್ತೀನಿ.”

ಕತ್ತಲಾಗುವ ಮುಂಚೆ ಮುಗಿಯಿತು. ಎರಡನೆಯ ಸಲ ಹೇಳುವಾಗ ನೆಟ್ಟಾಳಿಗೆ ಮೊದಲನೆಯದರಲ್ಲಿ ಮಾಡಿದ್ದ ಒಂದು ತಪ್ಪೂ ಹೊಳೆದಿತ್ತು, ಅದನ್ನೂ ಸರಿಮಾಡಿದಳು. ಓಡಿಸಿ ನೋಡಿದಳು, ಓಡಿತು. ಆದರೆ ಸಮಸ್ಯೆ ಇದ್ದಲ್ಲೇ ಇತ್ತು. ಬೆಳಗಿನವರೆಗೂ ಪ್ಲಗ್ಗನ್ನು ನಂಬಿ ಕೂರುವ ಧೈರ್ಯ ಈಗ ಇಬ್ಬರಿಗೂ ಉಳಿದಿರಲಿಲ್ಲ.

ಡಾಡ್ ಎದ್ದು ಮಲಗುವ ಕೋಣೆಗೆ ಹೋದ. ಬರುವಾಗ ಕೈಯಲ್ಲಿ ಒಂದು ಕ್ಯಾಸೆಟ್ಟಿತ್ತು.

ನೆಟ್ಟಾಳಿಗೆ ಆ ಕ್ಯಾಸೆಟ್ಟು ಗೊತ್ತಿತ್ತು. ಡಾಡ್‌ನ ತಾಯಿ ಟೀನಿ, ನಲವತ್ತು ವರ್ಷ ಗಿರಣಿಯಲ್ಲಿ ನೇಯ್ದು, ಮಗ್ಗದ ಸದ್ದನ್ನೂ ಮೀರಿಸುವ ಕಂಠ ಬೆಳೆಸಿಕೊಂಡಿದ್ದವಳು, ತೀರಿಕೊಳ್ಳುವ ಮುಂಚಿನ ಹೊಸವರ್ಷದ ಹಿಂದಿನ ರಾತ್ರಿ ಹಾಡಿದ್ದು. ಅವಳ ದನಿ ಇದ್ದದ್ದು ಅದೊಂದರಲ್ಲೇ. ಯಾರೂ ಅದರ ಮೇಲೆ ಬೇರೇನೂ ತುಂಬಿಸದಿರಲೆಂದು ಡಾಡ್ ಅಂದೇ ಅದರ ಬೆನ್ನಿನ ಪುಟ್ಟ ಪ್ಲಾಸ್ಟಿಕ್ ಎಸಳುಗಳನ್ನು ಮುರಿದಿದ್ದ. ವರ್ಷಕ್ಕೊಮ್ಮೆ, ಹೊಸವರ್ಷದ ಹಿಂದಿನ ರಾತ್ರಿ, ಮೊದಲ ಹಾಡಿನಷ್ಟನ್ನು ಮಾತ್ರ ಕೇಳುತ್ತಿದ್ದ. ಅದಕ್ಕಿಂತ ಮುಂದೆ ಕೇಳಲಾಗದೆ ನಿಲ್ಲಿಸಿಬಿಡುತ್ತಿದ್ದ.

ಈಗ ಆ ಮುರಿದ ಜಾಗಕ್ಕೆ ಗಾಯದ ಪಟ್ಟಿಯ ತುಂಡನ್ನು ತಾನೇ ಅಂಟಿಸಿದ. ಹಾಗೆ ಮುಚ್ಚಿದರೆ ಅದರ ಮೇಲೆ ಮತ್ತೆ ತುಂಬಿಸಬಹುದು.

“ಬೇಡ ಡಾಡ್.”

“ತಗೋ. ಮೂವತ್ವರ್ಷ ನಂಗೆ ಹಾಡಿದಾಳೆ. ಕಿವೀಲಿದೆ.” ಟೋಪಿ ಎತ್ತಿಕೊಂಡ. “ತುಂಬ್ಸಿದ್ಮೇಲೆ ಅದರ ಮಾತೇ ಎತ್ಬೇಡ. ನಾನು ನದಿ ಕಡೆ ಹೋಗ್ಬರ್ತೀನಿ.”

ಪ್ಲಗ್ಗು ಕೀಳದೆ ಮನೆಯಿಂದ ಅವನು ಹೊರಬಿದ್ದದ್ದು ಅದೇ ಮೊದಲು.

ನೆಟ್ಟಾ ಹತ್ತಿಯನ್ನು ಸ್ಪಿರಿಟ್ಟಿನಲ್ಲಿ ಅದ್ದಿ ರೆಕಾರ್ಡರಿನ ಗಾಲಿಗಳನ್ನು ಮೂರು ಸಲ ಒರೆಸಿದಳು. ಇನ್ನೊಂದು ಟೇಪನ್ನು ನುಂಗಲು ಬಿಡಬಾರದಲ್ಲ. ಆಮೇಲೆ ಅತ್ತೆಯ ಹಾಡುಗಳನ್ನು ಒಂದೊಂದಾಗಿ ಕೊನೆಯವರೆಗೂ ಕೇಳಿದಳು. ನಾಲ್ಕು ಹಾಡು, ಚಪ್ಪಾಳೆ, ಯಾರದೋ ಕೆಮ್ಮು, ಅತ್ತೆಯ ಒಂದು ಮಾತು, ಆಮೇಲೆ ಬರೀ ಸುಯ್ಯೆನ್ನುವ ಖಾಲಿ. ಟೇಪಿನ ಆ ಬದಿ ಮುಗಿಯುವವರೆಗೂ ಖಾಲಿ. ನೆಟ್ಟಾ ಏಪ್ರನ್ನಿನ ಅಂಚಿನಿಂದ ಮೂಗು ಒರೆಸಿಕೊಂಡು, ಆ ಖಾಲಿಯೊಳಗೆ ಒಂದಿಷ್ಟು ಮುಂದೆ ಸರಿಸಿ, ಟೇಪ್ ಎಷ್ಟು ಸುತ್ತಿತೆಂದು ತೋರಿಸುವ ಎಣಿಕೆಯ ಚಕ್ರದ ಅಂಕಿಯನ್ನು ಅಂಗೈಯಲ್ಲಿ ಬರೆದುಕೊಂಡು, ಪ್ರೋಗ್ರಾಮನ್ನು ತುಂಬಿಸಿದಳು.

ಡಾಡ್ ಬಂದಾಗ ಹೇಳಿಬಿಡೋಣವೆಂದು ಬಾಯಿ ತೆರೆದಳು. ಅವನು ಕೈ ಅಡ್ಡ ಹಿಡಿದ. “ಎತ್ಬೇಡ ಅಂದ್ನಲ್ಲ.” ಹೇಳಿದ್ದರೂ ಆ ಹೊತ್ತಿನಲ್ಲಿ ಸಮಾಧಾನಕ್ಕೆ ಹೇಳುವ ಸುಳ್ಳು ಎಂದುಕೊಳ್ಳುತ್ತಿದ್ದ. ನಾಳೆ ಕೇಳಿಸಿಯೇ ತೋರಿಸುತ್ತೇನೆ ಎಂದುಕೊಂಡು ಕ್ಯಾಸೆಟ್ಟನ್ನು ಕೈಚೀಲಕ್ಕೆ ಹಾಕಿದಳು.

ಸೋಮವಾರ ಬೆಳಿಗ್ಗೆ ಬೆಂಚಿನ ಸುತ್ತ ಎಲ್ಲರೂ ಬಂದು ನಿಂತರು. ನೆಟ್ಟಾ ಅಂಗೈ ನೋಡಿಕೊಂಡು ಟೇಪನ್ನು ಸರಿಯಾದ ಅಂಕಿಗೆ ತಂದಳು. ‘ಸರಿ ಇದೆ’ ಎಂದು ಬೆಂಚು ಚೀಟಿ ಅಂಟಿಸಿದ್ದ ಮೂರು ಯಂತ್ರಗಳನ್ನು ಲೊರಿಮರ್ ತಾವೇ ಆರಿಸಿ ಇಟ್ಟರು. ಒಂದೊಂದಕ್ಕೂ ಕ್ಯಾಸೆಟ್ಟು ನಾಲ್ಕು ನಿಮಿಷ ಕಿರಿಚಿ ಪ್ರೋಗ್ರಾಮನ್ನು ತುಂಬಿಸಿತು. ಮೊದಲನೆಯದು ಅರ್ಧ ಗಂಟೆ ಸುಳ್ಳು ಹೇಳಲಿಲ್ಲ. ಎರಡನೆಯದೂ ಇಲ್ಲ. ಬೆಂಚಿನವರು ಗಡಿಯಾರ ನೋಡತೊಡಗಿದರು. ದೂರದ ಸಾಲಿನಿಂದ ಎಫೀ ಕತ್ತು ಉದ್ದ ಮಾಡಿ ನೋಡುತ್ತಿದ್ದಳು. ಮೂರನೆಯದು ಹನ್ನೊಂದನೆಯ ನಿಮಿಷಕ್ಕೆ ಟಕ್ಕನೆ ನಿಂತು ಟೀವಿಯ ಮೇಲೆ ಬರೆಯಿತು: ಐದನೇ ಚಿಪ್ಪು.

ಲೊರಿಮರ್ ಐದನೆಯ ಚಿಪ್ಪನ್ನು ತೆಗೆದು ಹೊಸದನ್ನು ಕೂರಿಸಿದರು. ಮತ್ತೆ ಟೇಪಿನಿಂದ ತುಂಬಿಸಿ ಅರ್ಧ ಗಂಟೆ ಓಡಿಸಿದರು. ಏನೂ ಆಗಲಿಲ್ಲ.

“ಇದನ್ನ ಬರೆದಿದ್ದು ಯಾರು?”

“ನಾನು. ಒತ್ತಿದ್ದು ನನ್ನ ಗಂಡ.”

“ಅವರು ಏನ್ ಕೆಲ್ಸದಲ್ಲಿದಾರೆ?”

“ಕೆಟಲ್ ಕಾಯಿಸ್ತಾನೆ,” ಎಂದಳು ನೆಟ್ಟಾ, ತಲೆಯೆತ್ತಿ.

ಲೊರಿಮರ್ ಖಾಲಿ ಕುರ್ಚಿಯನ್ನು ಕಾಲಿನಿಂದ ಅವಳ ಕಡೆ ತಳ್ಳಿದರು. “ಕೂತ್ಕೊಳಿ.” ಅವರಿಗೆ ಗೊತ್ತಿದ್ದ ಮರ್ಯಾದೆ ಅಷ್ಟೇ. ಹೊರಗಿನವರಿಗೆ ಬರಬೇಡಿ ಎಂದು ಫೋನು ಹೋಯಿತು. ಆ ಕುರ್ಚಿಯಲ್ಲಿ ನೆಟ್ಟಾ ಒಂಬತ್ತು ವರ್ಷ ಕೂತಳು. ಅವಳ ಹಿಂದೆ ಇನ್ನೂ ಮೂವರು ಹೆಂಗಸರು ಸಾಲಿನಿಂದೆದ್ದು ಬೆಂಚಿಗೆ ಬಂದರು, ಅವರಲ್ಲಿ ಎಫೀಯೂ ಒಬ್ಬಳು. ಇವೆಲ್ಲ ಆಮೇಲಿನ ಮಾತು.

ಅಂದು ಸಂಜೆ ನೆಟ್ಟಾ ಮನೆಗೆ ಬಂದಾಗ ಡಾಡ್ ಬಾಗಿಲಲ್ಲೇ ನಿಂತಿದ್ದ. “ಏನಾಯ್ತೇ?”

“ಸಿಕ್ತು.”

ಅವನು ಅವಳ ಊದಿದ ಕೈಗಳನ್ನು ಒಮ್ಮೆ ಹಿಡಿದುಕೊಂಡು, ಬಿಟ್ಟು, ಕೆಟಲ್ ಇಡಲು ಹೋದ. ಚಹಾ ಬರುವಷ್ಟರಲ್ಲಿ ನೆಟ್ಟಾ ಕ್ಯಾಸೆಟ್ಟನ್ನು ರೆಕಾರ್ಡರಿಗೆ ಹಾಕಿ, ಕೊನೆಯ ಹಾಡಿಗೆ ತಂದು ಒತ್ತಿದಳು.

ಟೀನಿಯ ಕಂಠ ಕೋಣೆಯನ್ನು ತುಂಬಿತು. ಡಾಡ್ ಕೈಯಲ್ಲಿ ಎರಡು ಬಟ್ಟಲು ಹಿಡಿದು ಬಾಗಿಲಲ್ಲಿ ನಿಂತವನು ಹಾಗೇ ನಿಂತ. ಹಾಡು ಮುಗಿಯಿತು. ಚಪ್ಪಾಳೆ ಮುಗಿಯಿತು. ಯಾರೋ ಕೆಮ್ಮಿದರು. ಆಮೇಲೆ, ಅವನು ಇಷ್ಟು ವರ್ಷ ಅಲ್ಲಿಯವರೆಗೂ ಕೇಳದೆಯೇ ಉಳಿದಿದ್ದ ಮಾತು ಬಂತು.

“ಸಾಕು ಡಾಡ್, ಆರಿಸೋ ಅದನ್ನ. ಬರೀ ಆರಿಸಿದ್ರೆ ಸಾಲ್ದು, ಗೋಡೆಯಿಂದ ಪ್ಲಗ್ ಕೀಳು. ಮನೆ ಸುಟ್ಟೀಯಾ.”

ಡಾಡ್ ಬಟ್ಟಲುಗಳನ್ನು ಮೇಜಿನ ಮೇಲಿಟ್ಟ. ಕೆನ್ನೆಯ ಮೇಲೆ ನೀರು ಇಳಿಯುತ್ತಿದ್ದುದು ಅವನಿಗೆ ತಿಳಿಯಲಿಲ್ಲ. ತಾಯಿ ಹೇಳಿದಳೆಂದು ನೇರವಾಗಿ ಗೋಡೆಯ ಹತ್ತಿರ ಹೋಗಿ, ಬಗ್ಗಿ, ಪ್ಲಗ್ಗು ಕಿತ್ತ.