ಹಲ್ಲು ಕಟ್ಟುವವನ ಬೋರ್ಡು

ಅರವತ್ತರ ದಶಕದಲ್ಲಿ ಮಧುಗಿರಿಯಲ್ಲಿ ಹಲ್ಲಿನ ಶಾಪು ತೆರೆದಾಗ, ಬೋರ್ಡಿನಲ್ಲಿ ನನ್ನ ಹೆಸರಿಗಿಂತ ದೊಡ್ಡದಾಗಿ ‘ಪ್ರಾಸ್ಥೊಡಾಂಟಿಸ್ಟ್’ ಎಂದು ಬರೆಸಿದ್ದೆ. ಅದನ್ನು ಪೂರ್ತಿ ಓದಿದವರನ್ನು ನಾನು ಕಾಣೆ. ನೊಣ ಹೊಡೆಯುತ್ತ ಒಂದು ವಾರ ಕಳೆದ ಮೇಲೆ ಮೊದಲ ರೋಗಿ ಬಂದರು. ಹೆಗಲ ಮೇಲೆ ಕಂಬಳಿ, ಬಾಯಲ್ಲಿ ಎರಡೇ ಹಲ್ಲು ಇದ್ದ ಮುದುಕರು. ಮಗಳು ಬಲವಂತವಾಗಿ ಕರೆತಂದಿದ್ದಳು. ಕುರ್ಚಿ ಹತ್ತುವ ಮೊದಲೇ ಕೇಳಿದರು:

“ಸಾಮಿ, ಬೋರ್ಡ್ನಾಗೆ ಉದ್ದುಕೆ ಏನೋ ಬರ್ಸಿದ್ದೀರಲ್ಲ, ಅಂಗಂದ್ರೇನು?”

“ಬಿದ್ದ ಹಲ್ಲಿನ ಜಾಗಕ್ಕೆ ಹೊಸ ಹಲ್ಲು ಕಟ್ಟೋನು ಅಂತ, ಯಜಮಾನ್ರೇ. ನೋಡಿದೋರಿಗೆ ಗೊತ್ತೇ ಆಗಲ್ಲ. ಹತ್ತು ವರ್ಷ ಚಿಕ್ಕೋರಾಗಿ ಕಾಣ್ತೀರ” ಎಂದೆ, ಹೆಮ್ಮೆಯಿಂದ.

ಮುದುಕರ ಮುಖ ಬಿಗಿಯಿತು. “ನಾನು ಕುರಿ ಕಾಯೋನು. ಸಂತೇಲಿ ಬಾಯಿ ಬಿಡ್ಸಿ, ಹಲ್ಲು ನೋಡಿ ಕುರಿ ವಯಸ್ಸು ಹೇಳ್ತೀವಿ. ಮುದಿ ಕುರಿಗೆ ಇಂಗೆ ಹಲ್ಲು ಕಟ್ಟಿ, ಎಳೇದು ಅಂತ ಮಾರುದ್ರೆ ಜನ ಸುಮ್ಕೆ ಬುಡ್ತಾರಾ?”

“ನಿನ್ನ ಯಾರೂ ಮಾರಲ್ಲ ಕಣಪ್ಪ, ನೀನು ಅಗಿದು ತಿನ್ಲಿ ಅಂತ” ಎಂದಳು ಮಗಳು.

“ಮುದ್ದೆ ನುಂಗಾಕೆ ಹಲ್ಲು ಯಾಕಮ್ಮ?” ಎಂದು ಕಂಬಳಿ ಕೊಡವಿಕೊಂಡು ಹೊರಟೇಬಿಟ್ಟರು.

ಆಮೇಲೆ ಎಷ್ಟೋ ಬಾಯಿಗಳಿಗೆ ಹಲ್ಲು ಕಟ್ಟಿದೆ. ಈಗ ನನ್ನ ಬಾಯಲ್ಲೂ ಕಟ್ಟಿಸಿಕೊಂಡ ಹಲ್ಲೇ. ಯಾರಾದರೂ “ವಯಸ್ಸೇ ಗೊತ್ತಾಗಲ್ಲ ಸಾರ್” ಎಂದು ಹೊಗಳಿದರೆ ಮಾತ್ರ, ಆ ಮುದುಕರು ಎಲ್ಲಿಂದಲೋ ಬಂದು ನನ್ನ ಬಾಯಿ ಬಿಡಿಸಿ ನೋಡಿಬಿಟ್ಟಾರು ಎಂದು ತುಟಿ ಬಿಗಿ ಮಾಡಿಕೊಳ್ಳುತ್ತೇನೆ.