ಹಿಂದೆ ಖಾಲಿ ಇದೆ

"ಹಿಂದೆ ಖಾಲಿ ಇದೆ ಮಾರಾಯ್ರೆ, ನಡೀರಿ." ಕೊಪ್ಪಕ್ಕೆ ಹೋಗುವ ಬೆಳಗಿನ ಬಸ್ಸಿನಲ್ಲಿ ನಮ್ಮ ಕಂಡಕ್ಟರದ್ದು ಅದೊಂದೇ ಮಾತು. ಯಾರಿಗೂ ಕಾಯುವ ಜನವಲ್ಲ. ಚಪ್ಪಲಿ ಕೈಯಲ್ಲಿ ಹಿಡಿದು ಓಡಿಬರುವ ಮುದುಕಿ ಕಂಡರೂ ವಿಷಲ್ ಹೊಡೆದುಬಿಡುವವರು.

ಭಂಡಿಗಡಿಯಲ್ಲಿ ಹತ್ತುವ ಒಬ್ಬ ಶಾಲೆ ಹುಡುಗಿ ಮಾತ್ರ ಮುಂಬಾಗಿಲ ಕಂಬಿ ಬಿಡುತ್ತಿರಲಿಲ್ಲ. "ದಿನಾ ಬಾಗಿಲಲ್ಲೇ ನಿಂತ್ರೆ ಹೆಂಗೆ ಕೂಸೇ?" ಎಂದು ಒಂದು ದಿನ ಅವರೇ ಅವಳ ಹೆಗಲು ಹಿಡಿದು ಹಿಂದಕ್ಕೆ ಕಳಿಸಿದರು.

ನಿಂತವರ ಬ್ಯಾಗು ಕೂತವರ ತೊಡೆಗೆ, ಅದು ನಮ್ಮ ಬಸ್ಸಿನ ರೂಢಿ. ಹಿಂದಿನ ಸೀಟಿನಲ್ಲಿದ್ದ ಅವಳ ಶಾಲೆಯ ದೊಡ್ಡ ಹುಡುಗಿಯರು ಬ್ಯಾಗು ಇಸಕೊಂಡರು. ಬುತ್ತಿ ತೆಗೆದು, ಅನ್ನವನ್ನು ಕಿಟಕಿಯಾಚೆ ಚೆಲ್ಲಿ ನಕ್ಕರು. ಕಂಡಕ್ಟರು ನಮ್ಮತ್ತ ನೋಡಿದರು. ನಾವೆಲ್ಲ ಮೊಬೈಲು ನೋಡುತ್ತಿದ್ದೆವು. "ಮಕ್ಕಳಾಟ" ಎಂದು ಗೊಣಗಿ ಅವರೂ ಟಿಕೆಟ್ ಹರಿಯತೊಡಗಿದರು. ಎರಡು ಟಿಕೆಟ್ ಒಟ್ಟಿಗೇ ಕಿತ್ತುಬಂದವು.

ಮರುದಿನ ಭಂಡಿಗಡಿಯಲ್ಲಿ ಅವಳಿರಲಿಲ್ಲ. ಕಂಡಕ್ಟರು ಇಳಿದು, ಅವಳು ಬರುವ ದಾರಿಯನ್ನೇ ನೋಡುತ್ತ ನಿಂತರು. ವಿಷಲ್ ಕೈಯಲ್ಲೇ ಇತ್ತು.

"ಎಂತಾತು?" ಡ್ರೈವರ್ ಕೂಗಿದರು.

"ಒಂದು ಕೂಸು ಬರೋದಿದೆ."

ಬಸ್ಸಿನ ತುಂಬ ಆಫೀಸಿಗೆ ಹೊತ್ತಾದವರೇ. ಹೊರಡಿ ಅಂತ ಒಬ್ಬರೂ ಅನ್ನಲಿಲ್ಲ.