ಕಾವಲುಗಾರನ ನಾಲ್ಕು ಮಾತು

"ಅಮ್ಮಾ, ಕ್ವಾಂಟ್ ಅಜ್ಜ ಒಟ್ಟು ಎಷ್ಟು ಸಲ ಸತ್ತಿದ್ದಾರೆ?"

ಸ್ನಾನದ ತೊಟ್ಟಿಯಲ್ಲಿ ಕೂತು ಯೆಟ್ಟೆ ಕೇಳಿದಾಗ ಮರೀಕೆಗೆ ನಗು ಬಂತು. "ಅವರನ್ನೇ ಕೇಳು. ನಂಗೆ ಲೆಕ್ಕ ತಪ್ಪಿದೆ," ಎಂದು ಮಗಳ ತಲೆಗೆ ನೀರು ಸುರಿದಳು.

ಬಾಬೆಲ್ಸ್‌ಬರ್ಗಿನ ಆ ಕಟ್ಟಡದಲ್ಲಿ ಎಲ್ಲರಿಗೂ ಲೆಕ್ಕ ತಪ್ಪಿತ್ತು. ಟಿವಿಯ ಭಾನುವಾರದ ಪೊಲೀಸ್ ಕತೆಗಳಲ್ಲಿ ಮೂರನೇ ಮಹಡಿಯ ಲೋಥಾರ್ ಕ್ವಾಂಟ್ ಕೆರೆಯಲ್ಲಿ ತೇಲಿದ್ದರು, ಗ್ಯಾರೇಜಿನಲ್ಲಿ ಗುಂಡು ತಿಂದಿದ್ದರು, ಸಾಸಿವೆ ಹಚ್ಚಿದ ಸಾಸೇಜು ಕಚ್ಚಿದ್ದೇ ಕುಸಿದಿದ್ದರು. ಬರ್ಲಿನ್ ಗೋಡೆ ಬೀಳುವ ಮೊದಲು ಅವರು ಊರಿನ ಸಿನಿಮಾ ಸ್ಟುಡಿಯೋದ ಸಂಬಳದ ನಟ. ಜಿಪುಣ ಪಾದ್ರಿ, ಕಾರ್ಖಾನೆಯ ಮೇಸ್ತ್ರಿ, ಹೆಂಡತಿಗೆ ಹೆದರುವ ಸಾರ್ಜೆಂಟ್ ಇಂಥವೇ ಪಾತ್ರಗಳು. ಜನ ನಾಯಕನನ್ನು ಬಿಟ್ಟು ಇವರನ್ನು ನೋಡುತ್ತಿದ್ದರಂತೆ. ಗೋಡೆ ಬಿದ್ದ ಮೇಲೆ ಬಂದ ಹೊಸ ಸಿನಿಮಾದವರಿಗೆ ಹೆಸರು ಗೊತ್ತಿರಲಿಲ್ಲ, ಮುಖ ಮಾತ್ರ ಎಲ್ಲೋ ನೋಡಿದಂತಿತ್ತು. ಆ ಮುಖವೇ ಅನ್ನ ಹಾಕಿತು. ಬರಬರುತ್ತಾ ಮಾತು ಕಡಿಮೆಯಾಗಿ ಹೆಣಗಳು ಹೆಚ್ಚಾದವು.

ಈ ಮಾರ್ಚಿನಲ್ಲಿ ಮತ್ತೆ ಮಾತಿರುವ ಪಾತ್ರ ಬಂತು. ದೋಣಿಮನೆಯ ಕಾವಲುಗಾರ, ನಾಲ್ಕು ಮಾತಾಡಿ ಆಮೇಲೆ ಸಾಯಬೇಕು. ಅಜ್ಜ ಕಟ್ಟಡಕ್ಕೆಲ್ಲ ಸಾರಿಬಂದರು.

"ಹಾಗಾದ್ರೆ ಈ ಸಲ ಬಾಯಿಬಿಟ್ಟು ಸಾಯ್ತೀರಾ?" ಎಂದು ಕೆಳಮನೆಯ ಫ್ರೌ ಲ್ಯೂಬ್ಕೆ ಕಾಲೆಳೆದಳು.

ಸಂಜೆ ಅಭ್ಯಾಸಕ್ಕೆಂದು ಮರೀಕೆ ಆಲೂಗಡ್ಡೆ ಸುಲಿಯುತ್ತಾ ಇನ್‌ಸ್ಪೆಕ್ಟರ್ ಆಗುತ್ತಿದ್ದಳು, ಅಜ್ಜ ಬಾಗಿಲಿಗೊರಗಿ ಕಾವಲುಗಾರ. ಎರಡು ಮಾತು ಸಲೀಸಾಗಿ ಬರುತ್ತಿದ್ದವು. ಮೂರನೆಯದಕ್ಕೆ ಕಣ್ಣು ಗೋಡೆಯ ಮೇಲೆ ಅಲೆಯುತ್ತಿತ್ತು.

"ಟೋಪಿಯೊಳಗೆ ಬರೆದಿಟ್ಕೊಳ್ಳಿ, ಹೆರ್ ಕ್ವಾಂಟ್."

"ಯಾವ ಕಾವಲುಗಾರನಮ್ಮಾ ಟೋಪಿ ನೋಡ್ಕೊಂಡು ಮಾತಾಡ್ತಾನೆ? ಇನ್ನೊಮ್ಮೆ ಹೇಳು."

ಚಿತ್ರೀಕರಣದ ಬೆಳಿಗ್ಗೆ ಮೆಟ್ಟಿಲಲ್ಲಿ ಎದುರಾದಾಗ ಮರೀಕೆ ಅವರ ಎಡಭುಜದ ಹಿಂದಕ್ಕೆ ಮೂರು ಸಲ "ತೊಯ್, ತೊಯ್, ತೊಯ್" ಎಂದು ಉಗಿದಂತೆ ಮಾಡಿದಳು. ನಟರಿಗೆ ಶುಭ ಕೋರುವುದು ಹೀಗೆಯೇ. ಅದಕ್ಕೆ ಥ್ಯಾಂಕ್ಸ್ ಹೇಳಬಾರದು, ಹೇಳಿದರೆ ಕೋರಿದ ಶುಭವೆಲ್ಲ ಬಿದ್ದುಹೋಗುತ್ತದೆ. ಈ ನಿಯಮವನ್ನು ಅವಳಿಗೆ ಕಲಿಸಿದವರೇ ಅವರು. ಒಮ್ಮೆ ಯೆಟ್ಟೆ ಥ್ಯಾಂಕ್ಸ್ ಅಂದದ್ದಕ್ಕೆ, ದೋಷ ಕಳೆಯಲೆಂದು ಮಗುವನ್ನು ಹೊರಗೆ ಕಳಿಸಿ, ಬಾಗಿಲು ತಟ್ಟಿಸಿ ಒಳಕರೆದಿದ್ದರು.

"ಥ್ಯಾಂಕ್ಸ್ ಕಣಮ್ಮಾ," ಎಂದು ಅಜ್ಜ ಕಾರು ಹತ್ತಿದರು.

ಮರೀಕೆ ಕಸದ ಚೀಲ ಹಿಡಿದು ಅಲ್ಲೇ ನಿಂತಳು. ಕೂಗಬಹುದಿತ್ತು. ಕೂಗಿ ಏನೆಂದು ಹೇಳುವುದು?

ಸಂಜೆ ಅವರು ಮೆಟ್ಟಿಲ ಮೇಲೆ ಕೂತಿದ್ದರು, ಕಾಲರಿನಲ್ಲಿ ಇನ್ನೂ ಮೇಕಪ್ಪಿನ ಗುರುತು. ಅವಳೂ ಪಕ್ಕದಲ್ಲಿ ಕೂತಳು.

"ಬೈದಿದ್ರೆ ಚೆನ್ನಾಗಿತ್ತು," ಎಂದರು. "ಡೈರೆಕ್ಟರು ಎಳೇ ಹುಡುಗಿ. 'ಪರವಾಗಿಲ್ಲ, ಇನ್ನೊಂದ್ ಸಲ' ಅಂತ ಎಷ್ಟು ಸಲ ಅಂದ್ಲೋ. ಕೊನೆಗೆ ನನ್ನ ಮಾತನ್ನ ಕಾವಲುಗಾರನ ಹೆಂಡತಿಗೆ ಕೊಟ್ರು. ನನ್ನನ್ನ ಹೆಣ ಮಾಡಿ ಹುಲ್ಲಿನ ಮೇಲೆ ಮಲಗಿಸಿದ್ರು. ಹೊಟ್ಟೆ ಒಂಚೂರೂ ಅಲ್ಲಾಡ್ಲಿಲ್ಲ, ಎಲ್ಲಾ ಚಪ್ಪಾಳೆ ತಟ್ಟಿದ್ರು."

ಆಮೇಲೆ ಕೈತೋಟದ ಕಡೆ ನೋಡುತ್ತಾ, ಯಾರೂ ಕೇಳದೆಯೇ, ಕಾವಲುಗಾರನ ಗೊಗ್ಗರು ದನಿಯಲ್ಲಿ ಹೇಳಿದರು: "ರಾತ್ರಿ ಬೆಳಕು ಕಂಡೆ. ಮೀನು ಹಿಡಿಯೋರು ಅಂದ್ಕೊಂಡೆ. ನಾಯಿ ಬೊಗಳ್ಲಿಲ್ಲ. ಗೊತ್ತಿರೋರನ್ನ ಕಂಡ್ರೆ ಅದು ಬೊಗಳಲ್ಲ."

ಒಂದಕ್ಷರ ತಪ್ಪಿರಲಿಲ್ಲ. ಮರೀಕೆ ಎದ್ದು ಅವರಿಗೆ ಕೈ ಚಾಚಿದಳು.

"ಒಳಗೆ ಬನ್ನಿ, ಸೂಪ್ ಬಿಸಿ ಇದೆ."

"ಬರ್ತೀನಿ. ಒಂದು ಉಪಕಾರ ಮಾಡು. ಇದು ಟಿವಿಲಿ ಬರೋದು ಮುಂದಿನ ಚಳಿಗಾಲಕ್ಕೆ. ಅಷ್ಟೊತ್ತಿಗೆ ಇವತ್ತಿನ್ದು ನಂಗೆ ಮರೆತಿರುತ್ತೆ. ನಾನೇ ಎಲ್ಲರನ್ನೂ ನಿಮ್ಮನೆಗೆ ಕರೀತೀನಿ, 'ನೋಡಿ, ಈಗ ನನ್ನ ಮಾತು' ಅಂತ ಕೂತಿರ್ತೀನಿ. ಆವತ್ತು ನನ್ನ ಪಕ್ಕದಲ್ಲೇ ಕೂತ್ಕೋ ಮರೀಕೆ. ದೋಣಿಮನೆ ಕಂಡ ಕೂಡ್ಲೇ ಕಿವೀಲಿ ಮೆಲ್ಲಗೆ ಹೇಳು, ಇದ್ರಲ್ಲಿ ನಿಮಗೆ ಮಾತಿಲ್ಲ ಅಂತ."